ಮೊದಲ ಮೂರು ಮೀಟರ್

ಶನಿವಾರ, ೧೧ ಡಿಸೆಂಬರ್ ೨೦೨೧. ಬೆಳಗ್ಗೆ ಒಂಬತ್ತು ಹತ್ತಕ್ಕೆ ಐರಿಷ್ ಪಟ್ಟಣ ಸ್ಲೈಗೋದ ಹೊರವಲಯದ ಠಾಣೆಗೆ ದೂರು ಬಂತು. ನಮ್ಮ ಕಡೆಯಾಗಿದ್ದರೆ ಎಫ್‌ಐಆರ್. ಇಲ್ಲಿ ಕಂಪ್ಯೂಟರಿನಲ್ಲಿ ಒಂದು ನಂಬರು, ಅಷ್ಟೇ. ದೂರುದಾರ ಗಣಿ ಕಂಪನಿಯ ಮ್ಯಾನೇಜರ್ ಕೀಗನ್. ಶೆಡ್ಡಿನ ಬೀಗ ಒಡೆದು ಯಾರೋ ಮಣ್ಣಿನ ಪೆಟ್ಟಿಗೆ ಕದ್ದಿದ್ದರು.

ಇನ್‌ಸ್ಪೆಕ್ಟರ್ ಮಕ್‌ಗವರ್ನ್, ಕಾನ್‌ಸ್ಟೆಬಲ್ ಸಿಂಧು ಹತ್ತಕ್ಕೆ ಸ್ಥಳದಲ್ಲಿದ್ದರು. ಸಿಂಧು ಮೈಸೂರಿನವರ ಮಗಳು, ಬೆಳೆದದ್ದು ಇದೇ ದೇಶದ ಬ್ಯಾಲಿನ್‌ಕೊಲಿಗ್‌ನಲ್ಲಿ. ಮಾಸ್ಕ್ ಏರಿಸಿಕೊಂಡು ಪಂಚನಾಮೆಯಂಥದ್ದನ್ನು ಬರೆದಳು. ನೆಲ ಕೊರೆದು ತೆಗೆದ ಮಣ್ಣು-ಕಲ್ಲಿನ ಇಪ್ಪತ್ತೆರಡು ಪೆಟ್ಟಿಗೆಗಳಲ್ಲಿ ಒಂದು ಇರಲಿಲ್ಲ. ಆಳದವುಗಳಲ್ಲಿ ಸೀಸದ ಅದಿರು ಹೊಳೆಯುತ್ತಿತ್ತು. ಕಳ್ಳ ಅವನ್ನು ಮುಟ್ಟಿರಲಿಲ್ಲ. ಹೋಗಿದ್ದು ಮೊದಲನೆಯದು, ಮೇಲಿನ ಮೂರು ಮೀಟರಿನದು. ಎಂಥ ಕಳ್ಳನಪ್ಪಾ ಇವನು!

"ಅದರಲ್ಲೇನಿತ್ತು?" ಇನ್‌ಸ್ಪೆಕ್ಟರ್ ಕೇಳಿದರು.

"ಬರೀ ಮಣ್ಣು. ಆದರೆ ಕೋರ್ಟಿನ ಸಾಕ್ಷ್ಯ. ಸೋಮವಾರ ಎಲ್ಲಾ ಲ್ಯಾಬಿಗೆ ಹೋಗಬೇಕಿತ್ತು," ಎಂದ ಕೀಗನ್.

"ಅಲ್ಲೇನು ಮಾಡ್ತಾರೆ?"

"ಪುಡಿ ಮಾಡಿ ಪರೀಕ್ಷೆ ಮಾಡ್ತಾರೆ."

ಕೊರೆದದ್ದು ಇಲ್ಲೇ ನೆಲೆಸಿದ್ದ ಕನ್ನಡತಿ ಡಾಕ್ಟರ್ ಕಾತ್ಯಾಯಿನಿಯವರ ಮನೆಯ ಅರ್ಧ ಎಕರೆಯಲ್ಲಿ. ಆ ಜಾಗದ ಬ್ರಿಟಿಷ್ ರಾಜರ ಕಾಲದ ಪಟ್ಟಾ ಪ್ರಕಾರ ನೆಲದಡಿಯ ಅದಿರೂ ತನ್ನದೇ ಎಂಬುದು ಆಕೆಯ ವಾದ. ಸರ್ಕಾರದ ಪರವಾನಗಿ ತನ್ನ ಬಳಿ ಇದೆ ಎಂಬುದು ಕಂಪನಿಯದು. ಕೊರೊನಾ ಹೆಸರಲ್ಲಿ ಕೋರ್ಟು ವಾಯಿದೆ ಮೇಲೆ ವಾಯಿದೆ ಕೊಡುತ್ತಿತ್ತು. ಸಾಕ್ಷ್ಯಕ್ಕೆಂದು ಒಂದೇ ಒಂದು ರಂಧ್ರ ಕೊರೆಯಲು ಮಾತ್ರ ಅನುಮತಿಯಾಗಿತ್ತು. ಕೀಗನ್‌ಗೆ ಆಕೆಯ ಮೇಲೇ ಅನುಮಾನ. ಆದರೆ ಗೆಲ್ಲಬಹುದಾದ ಕೇಸಿನ ಸಾಕ್ಷ್ಯವನ್ನು ಆಕೆಯೇಕೆ ಕದಿಯುತ್ತಾರೆ? ಇನ್‌ಸ್ಪೆಕ್ಟರಿಗೆ ತಲೆಬುಡ ತಿಳಿಯಲಿಲ್ಲ.

ಸಿಂಧು ಕೊರೆತದ ದಾಖಲೆ ತಿರುವಿದಳು. ಅರವತ್ತು ಸೆಂಟಿಮೀಟರ್ ಆಳದ ಎದುರು ಹೀಗಿತ್ತು: ಮಡಕೆ ಚೂರು, ಬಿಳಿ ಬಟ್ಟೆ, ಬೂದಿ. ಅವಳು ಆ ಸಾಲಿನ ಮೇಲೆ ಬೆರಳಿಟ್ಟಳು.

"ಸರ್, ಸುಟ್ಟ ಮೇಲೆ ಉಳಿದ ಅಸ್ಥಿನ ನಾವು ಮನೆಯೊಳಗೆ ಇಡಲ್ಲ. ಹೊಳೆಗೆ ಬಿಡೋವರೆಗೂ ಮಡಕೆಯಲ್ಲಿ ಹಾಕಿ, ಬಿಳಿ ಬಟ್ಟೆ ಕಟ್ಟಿ ಹೊರಗೇ ಇಡ್ತೀವಿ. ಈ ಡಾಕ್ಟರ್ ಗಂಡ ಜನವರಿಯಲ್ಲಿ ಕೋವಿಡ್‌ನಲ್ಲಿ ತೀರಿಕೊಂಡಿದ್ದು ಇಲ್ಲಿನ ಕನ್ನಡದವರಿಗೆಲ್ಲ ಗೊತ್ತು."

ಮಧ್ಯಾಹ್ನ ಮೂರು ನಲವತ್ತಕ್ಕೆ ಇಬ್ಬರೂ ಆಕೆಯ ಮನೆ ಬಾಗಿಲು ತಟ್ಟಿದರು. ಕಾತ್ಯಾಯಿನಿ ಏನನ್ನೂ ಮುಚ್ಚಿಡಲಿಲ್ಲ. ಜಗಲಿಯಲ್ಲಿ ಪೆಟ್ಟಿಗೆ, ಪಕ್ಕದಲ್ಲಿ ಹಿಟ್ಟಿನ ಜರಡಿ.

"ಬೀಗ ಒಡೆದಿದ್ದು ನೀವೇನಾ ಅಕ್ಕ?" ಸಿಂಧು ಕೇಳಿದಳು.

"ಹೂಂ, ನಾನೇ."

"ವಕೀಲರಿಗೆ ಹೇಳಲಿಲ್ವಾ?"

"ಹೇಳ್ದೆ. ಅರ್ಜಿ ಹಾಕೋಣ, ಮಾರ್ಚ್‌ನಲ್ಲಿ ಹಿಯರಿಂಗ್ ಅಂದ್ರು. ಸೋಮವಾರ ಪುಡಿ ಮಾಡ್ತಾರಲ್ಲಮ್ಮ! ಕಂಪನಿಯವರು ಗೇಟ್ ಹತ್ರ ಕೊರೀತೀವಿ ಅಂದಿದ್ರು. ಆಗ ನಾನು ಆಸ್ಪತ್ರೇಲಿ ಐಸೊಲೇಶನ್‌ನಲ್ಲಿದ್ದೆ. ಬಂದು ನೋಡಿದ್ರೆ ಮರದಡಿ ತೂತು."

"ಊರಿಗೆ ತಗೊಂಡು ಹೋಗಕ್ಕಾಗಲಿಲ್ವಾ?"

"ಮೊದಲು ಫ್ಲೈಟಿಲ್ಲ, ಆಮೇಲೆ ರಜೆ ಇಲ್ಲ. ಬುಧವಾರಕ್ಕೆ ಟಿಕೆಟ್ ಇದೆ. ಭಾವ ಶ್ರೀರಂಗಪಟ್ಟಣದಲ್ಲಿ ಪುರೋಹಿತರಿಗೆ ಹೇಳಿದಾರೆ." ಆಕೆ ಜರಡಿ ನೋಡಿದರು. "ಒಳಗಿಡಬಾರದು ಅಂತ ಹೊರಗೆ ಮರದಡಿ ಹೂತಿಟ್ಟೆ. ಒಳಗೇ ಇಟ್ಟಿದ್ರೆ ಇರ್ತಿತ್ತು. ಇಪ್ಪತ್ತು ವರ್ಷದ ಡಾಕ್ಟರ್ ನಾನು. ಯಾವುದು ಮಣ್ಣು, ಯಾವುದು ನಮ್ಮ ನರಸಿಂಹ, ಗೊತ್ತಾಗ್ತಿಲ್ಲ ಕಣೇ."

ಸಿಂಧು ತಾನು ಪೊಲೀಸು ಅನ್ನುವುದನ್ನೂ ಮರೆತು ಅತ್ತುಬಿಟ್ಟಳು. ಇನ್‌ಸ್ಪೆಕ್ಟರ್ ಬೈಯಲಿಲ್ಲ.

ನಾಲ್ಕು ಐದಕ್ಕೆ ಬಂಧನ. ಕಾರಣದ ಕಾಲಂನಲ್ಲಿ ಇನ್‌ಸ್ಪೆಕ್ಟರ್ ಬರೆದರು: ಆರೋಪಿಗೆ ನೆಲವೂ ಬೇಕಿರಲಿಲ್ಲ, ಅದಿರೂ ಬೇಕಿರಲಿಲ್ಲ, ಗಂಡನ ಅಸ್ಥಿ ಬೇಕಿತ್ತು.

ಠಾಣೆಯಲ್ಲಿ ಪೆಟ್ಟಿಗೆಗೆ ಸೀಲು ಹಾಕಿದರು.

"ಯಾವಾಗ ಕೊಡ್ತೀರಾ?" ಕಾತ್ಯಾಯಿನಿ ಸಿಂಧುವನ್ನು ಕೇಳಿದರು.

"ಕೇಸ್ ಮುಗಿದ ಮೇಲೆ, ಅಕ್ಕ. ಎರಡೂ ಕೇಸ್."

ಜಪ್ತಿ ಪಟ್ಟಿಯಲ್ಲಿ ವಸ್ತುವಿನ ಮಾಲೀಕರ ಹೆಸರು ಬರೆಯಬೇಕಿತ್ತು. ಸಿಂಧು ಇನ್‌ಸ್ಪೆಕ್ಟರ್ ಮುಖ ನೋಡಿದಳು. ಕೋರ್ಟು ಬೇರೆ ಹೇಳುವವರೆಗೆ ಅದು ದೂರುದಾರರ ಸ್ವತ್ತು, ಬೇರೆ ದಾರಿಯಿಲ್ಲ ಎಂದರು ಅವರು. ಅವಳು ಗಣಿ ಕಂಪನಿಯ ಹೆಸರು ಬರೆದಳು. ಕಾತ್ಯಾಯಿನಿ ಅದನ್ನು ಎರಡು ಸಲ ಓದಿ, ಕೆಳಗೆ ಸಹಿ ಹಾಕಿದರು.