ಚಳಿಕೋಣೆಯ ಗಂಟೆ

ಚಾರಣದ ಸಾಮಾನು ಮಾರುವ ನಮ್ಮ ಕಂಪನಿಯ ನಲವತ್ತು ಅಂಗಡಿಗಳಲ್ಲಿ ಕೊನೆಗೆ ಉಳಿದಿದ್ದು ನಮ್ಮದೊಂದೇ. ಅದನ್ನೂ ಮುಚ್ಚುವ ದಿನ, ಮಟಮಟ ಮಧ್ಯಾಹ್ನ, ಚಳಿಕೋಣೆಯ ಗಂಟೆ ಬಡಿದುಕೊಂಡಿತು. ಗಿರಾಕಿಗಳು ಜಾಕೆಟ್ ತೊಟ್ಟು ಚಳಿ ತಡೆಯುತ್ತದೆಯೇ ಎಂದು ಪರೀಕ್ಷಿಸುತ್ತಿದ್ದ, ಯಂತ್ರದಿಂದ ತಂಪಾಗಿಸುವ ಕೋಣೆ ಅದು; ಹೊರಬರಬೇಕೆಂದರೆ ಒಳಗಿನಿಂದ ಗಂಟೆ ಒತ್ತಬೇಕು. ಕರೆಂಟು ತೆಗೆಸಿ ವಾರವಾಗಿತ್ತು.

“ಅಕ್ಕಾ, ಒಳಗೆ ನೋಡ್ದೇನೇ ಬೀಗ ಹಾಕ್ಬಿಟ್ಟೆ,” ಎಂದ ಗೋದಾಮಿನವನು ಬೀಗದಕೈ ಹುಡುಕತೊಡಗಿದ.

“ಮೊದ್ಲು ತೆಗಿಯಪ್ಪ, ಬೈಯೋದು ಆಮೇಲೆ.”

ಒಳಗೆ ಯಾರೂ ಇರಲಿಲ್ಲ. ಉಸಿರು ಹೊಗೆಯಾಗುವಷ್ಟು ಚಳಿಯಿತ್ತು. ಗೂಟದಲ್ಲಿ ನೇತಾಡುತ್ತಿದ್ದ ಜಾಕೆಟ್ಟಿನ ತೋಳಿನೊಳಗೆ ಕೈ ಹಾಕಿದೆ. ಈಗಷ್ಟೇ ಯಾರೋ ಬಿಚ್ಚಿದಂತೆ ಬೆಚ್ಚಗಿತ್ತು.

ಯಾರೇ ಇರಲಿ, ಒಳಗೆ ಸಿಕ್ಕಿಹಾಕಿಕೊಳ್ಳುವುದು ಬೇಡವೆಂದು ಇಬ್ಬರೂ ಸೇರಿ ಬಾಗಿಲನ್ನೇ ಕಳಚಿ, ಲಾರಿಯಲ್ಲಿ ಗುಜರಿಗೆ ಕಳಿಸಿದೆವು.

ಮರುದಿನ ಬೆಳಿಗ್ಗೆ ಕಟ್ಟಡದ ಮಾಲೀಕರು ಫೋನ್ ಮಾಡಿದರು. “ಏನಮ್ಮ, ಖಾಲಿ ಮಾಡಿದ್ವಿ ಅಂದ್ರಿ! ಆ ಕೋಣೆ ಬಾಗಿಲನ್ನ ಒಳಗಿಂದ ಯಾರೋ ಹಿಡ್ಕೊಂಡಿದ್ದಾರಲ್ಲ?”