ಮಾತೆಯ ತೋಳಿನ ಮರದ ಕೂಸು

ಬಹಳ ಹಿಂದೆ, ಹಿಮಬೆಟ್ಟಗಳ ಆಚೆ ಆಲ್ಬೆನ್ ಎಂಬ ರಾಜ್ಯವಿತ್ತು. ಅಲ್ಲಿನ ಮೊನಚು ಕಮಾನುಗಳ ಇಗರ್ಜಿಯಲ್ಲಿ, ಕೂಸನ್ನೆತ್ತಿಕೊಂಡ ಮರಿಯ ಮಾತೆಯ ಪ್ರತಿಮೆಯಿತ್ತು. ಶಿಲ್ಪಿ ವೆಂಡೆಲ್ ಒಂದೇ ಲಿಂಡೆನ್ ಮರದ ದಿಮ್ಮಿಯಿಂದ ಅದನ್ನು ಕೆತ್ತಿ, ಬಣ್ಣ ಬಳಿದು, ಕಣ್ಣುಮುಚ್ಚಿದ್ದ. ನಗುವ ಆ ಕೂಸೇ ರಾಜ್ಯದ ಮಕ್ಕಳಿಗೆಲ್ಲ ಕಾವಲು.

ಗ್ರಿಮೋಲ್ಡ್ ಎಂಬ ಮಾಂತ್ರಿಕನಿಗೆ ಸಾವೆಂದರೆ ಭಯ. ಅವನು ಮಂತ್ರ ಹಾಕಿ ಮರದ ಕೂಸನ್ನು ಮಾತೆಯ ತೋಳಿನಿಂದ ಕಿತ್ತೊಯ್ದ. ಅಂದೇ ರಾಜ್ಯದ ಮಕ್ಕಳೆಲ್ಲ ನಿದ್ದೆಗೆ ಜಾರಿ ಏಳಲೇ ಇಲ್ಲ. ಅವರ ಆಯಸ್ಸು ಮಾಂತ್ರಿಕನ ಮೈಸೇರತೊಡಗಿತು.

ವೆಂಡೆಲ್‌ನ ವಿಧವೆ ಒಟಿಲಿಯ ತನ್ನ ಮಲಗಿದ ಮಗಳನ್ನು ಅತ್ತೆಯ ಮಡಿಲಿಗಿಟ್ಟಳು.

"ಒಬ್ಬಳೇ ಹೋಗ್ತೀಯೇನಮ್ಮಾ?" ಎಂದಳು ಅತ್ತೆ.

"ಸೈನಿಕರು ಹೋಗಿ ಹಿಂದಿರುಗಲಿಲ್ಲ ಅತ್ತೆ. ಇನ್ನು ತಾಯಂದಿರೇ ಹೋಗಬೇಕು."

ಕಾಡಿನ ಬಾಯಲ್ಲಿ ಮಂಜಿನ ಮೈಯ ತೋಳ ಅಡ್ಡಬಂತು. "ಹುಟ್ಟಿದಂದಿನಿಂದ ನನಗೆ ನಿದ್ದೆಯಿಲ್ಲ. ಮಲಗಿಸು, ಇಲ್ಲವೇ ತಿಂತೀನಿ." ಒಟಿಲಿಯ ಹೆದರುತ್ತಲೇ ಜೋಗುಳ ಹಾಡಿದಳು. ತೋಳ ಅವಳ ಕಾಲ ಬಳಿಯೇ ಗೊರಕೆ ಹೊಡೆಯಿತು.

ಸೇತುವೆಯ ಮೇಲೆ ಕಬ್ಬಿಣದ ಕೊಕ್ಕಿನ ಹಕ್ಕಿ ಮೊಟ್ಟೆಗಳಿಗೆ ಕಾವು ಕೊಡುತ್ತ ಕೂತಿತ್ತು. "ಮುಂದೆ ಬಂದರೆ ಕಣ್ಣು ಕುಕ್ಕುವೆ!"

"ಕುಕ್ಕು. ತಡಕಿಕೊಂಡಾದರೂ ಹೋಗ್ತೀನಿ. ನನ್ನ ಮಗು ಎಚ್ಚರವಾಗಬೇಕು."

ಹಕ್ಕಿ ತನ್ನ ಮೊಟ್ಟೆಗಳ ಕಡೆ ನೋಡಿತು, ರೆಕ್ಕೆ ಮಡಚಿ ದಾರಿ ಬಿಟ್ಟಿತು.

ಕೊನೆಗೆ ಮಾಂತ್ರಿಕನ ಕೋಟೆ. ಒಳಗೆ ಗೋಡೆಯುದ್ದಕ್ಕೂ ಒಂದೇ ಅಚ್ಚಿನ ಮರದ ಕೂಸುಗಳು!

"ನಿಜವಾದದ್ದನ್ನು ಎತ್ತಿಕೋ," ಎಂದ ಗ್ರಿಮೋಲ್ಡ್. "ತಪ್ಪಿದರೆ ನೀನೂ ಮರವಾಗ್ತೀಯ."

ಕೂಸುಗಳೆಲ್ಲ ಮುದ್ದಾಗಿ ನಗುತ್ತಿದ್ದವು. ಮೂಲೆಯಲ್ಲೊಂದು ಮಾತ್ರ ಅತ್ತು ಅತ್ತು ಮುಖ ಊದಿಸಿಕೊಂಡಿತ್ತು. ಒಟಿಲಿಯ ಓಡಿಹೋಗಿ ಅದನ್ನೇ ಎದೆಗವಚಿಕೊಂಡಳು.

"ಅದು ನಗುವ ಕೂಸಲ್ಲವೇ? ಹೇಗೆ ಗುರುತು ಹಿಡಿದೆ?" ಮಾಂತ್ರಿಕ ಕಿರುಚಿದ.

"ತಾಯಿಯಿಂದ ಕಿತ್ತ ಕೂಸು ನಗುತ್ತದೇನೋ, ಮೂಢ?"

ಕೋಟೆ ನಡುಗಿತು. ಕದ್ದ ಆಯಸ್ಸೆಲ್ಲ ಬೆಳಕಾಗಿ ಆಲ್ಬೆನ್ನಿನ ಕಡೆ ಹಾರಿತು. ಗ್ರಿಮೋಲ್ಡ್ ಕುಗ್ಗಿದ, ಇನ್ನೂ ಕುಗ್ಗಿದ. ದೊಗಲೆ ನಿಲುವಂಗಿಯೊಳಗೆ ಕೊನೆಗೆ ಉಳಿದದ್ದು ಹಸಿದು ಅಳುವ ಒಂದು ಶಿಶು. ಒಟಿಲಿಯ ಅದನ್ನು ದಿಟ್ಟಿಸಿ ನೋಡಿದಳು. ಬಿಟ್ಟುಹೋಗಲು ಮನಸ್ಸು ಬಾರದೆ ಎತ್ತಿಕೊಂಡಳು.

ಊರಿನ ಬೀದಿಗಳಲ್ಲಿ ಮಕ್ಕಳ ಗಲಾಟೆಯೋ ಗಲಾಟೆ. ಮರದ ಕೂಸು ಮಾತೆಯ ತೋಳು ಸೇರಿ ಬೆಸೆದುಕೊಂಡಿತು. ಒಟಿಲಿಯ ಎಚ್ಚೆತ್ತ ಮಗಳನ್ನು ಒಂದು ಕಂಕುಳಲ್ಲಿ ಎತ್ತಿಕೊಂಡಳು.

"ಇನ್ನೊಂದು ಕಂಕುಳಲ್ಲಿ ಯಾರೇ?" ಎಂದಳು ಅತ್ತೆ.

"ಹಸಿದಿದೆ ಅತ್ತೆ, ಮೊದಲು ಹಾಲು ಕಾಯಿಸಿ. ಈ ಸಲ ಚೆನ್ನಾಗಿ ಬೆಳೆಸೋಣ."