ಹೆಣದ ಹೊಟ್ಟೆ

“ಥೂ, ಅಪ್ಪಾ! ನಿಂಗೆ ಸಾಯೋಕೂ ನೆಟ್ಟಗೆ ಬರಲ್ವಲ್ಲ!”

ಪಟಾಕಿ ಇದನ್ನು ಮೆಲ್ಲಗೆ ಹೇಳಲಿಲ್ಲ. ಮೆಲ್ಲಗೆ ಮಾತಾಡಿ ಅವನಿಗೆ ಗೊತ್ತೇ ಇಲ್ಲ. ಆ ಅಡ್ಡಹೆಸರು ಬಿದ್ದದ್ದೇ ಅದಕ್ಕೆ. ಮನೆ ತುಂಬ ಜನ ಬೇರೆ. ಓನರ್ ಆಂಟಿ ಕುರ್ಚಿಯಲ್ಲಿ, ಟೈಲರ್ ಮಾಮ ಮಂಚದ ತುದಿಯಲ್ಲಿ, ಅವನ ಕ್ಲಾಸಿನ ಹುಡುಗರು ನೆಲದ ಮೇಲೆ. ಎಲ್ಲರನ್ನೂ ಕರೆದವನು ಅವನೇ. “ನಮ್ಮಪ್ಪ ಟೀವೀಲಿ ಬರ್ತಾನೆ, ಬನ್ನಿ” ಎಂದು ಬೀದಿಯೆಲ್ಲ ಡಂಗುರ ಹೊಡೆದಿದ್ದ.

ಟೀವಿ ಸೀರಿಯಲ್ಲಿನಲ್ಲಿ ಅಪ್ಪ ಬಂದದ್ದು ಹೆಣವಾಗಿ. ಒಬ್ಬೊಬ್ಬರನ್ನೇ ಕೊಲ್ಲುವ ಒಬ್ಬ ಕೊಲೆಗಾರ. ಅವನ ಬೆನ್ನು ಹತ್ತಿ ನಿದ್ದೆ, ಊಟ, ಹೆಂಡತಿ ಎಲ್ಲವನ್ನೂ ಕಳೆದುಕೊಂಡ ಒಬ್ಬ ಡಿಟೆಕ್ಟಿವ್. ಈ ಸಲವೂ ಅವನು ತಡವಾಗಿ ಬಂದ. ಹೆಣದ ಪಕ್ಕ ಮಂಡಿಯೂರಿ, “ನಿನ್ನನ್ನೂ ಉಳಿಸೋಕಾಗಲಿಲ್ಲ” ಎಂದು ಗಳಗಳನೆ ಅತ್ತ. ಓನರ್ ಆಂಟಿಯೂ ಮೂಗು ಒರೆಸಿಕೊಂಡರು.

ಆಗ ಹೆಣದ ಹೊಟ್ಟೆ ಮೇಲೆದ್ದು ಕೆಳಗಿಳಿಯಿತು.

“ಡಿಟೆಕ್ಟಿವ್ ಸಾಹೇಬ್ರೇ, ಅಳ್ಬೇಡಿ! ಆಂಬುಲೆನ್ಸ್ ಕರೀರಿ, ಜೀವ ಇದೆ!” ಎಂದರು ಟೈಲರ್ ಮಾಮ.

ನಗುವುದಕ್ಕೆ ಯಾರಪ್ಪನ ಗಂಟು ಹೋಗುತ್ತದೆ? ಸೂರು ಹಾರಿಹೋಗುವಂತೆ ನಕ್ಕರು. ಪಟಾಕಿಯ ಬಾಯಿಂದ ಆ ಮಾತು ಸಿಡಿದದ್ದು ಆಗಲೇ. ಅದಕ್ಕೆ ಇನ್ನೂ ಜೋರು ನಗು. ಅಪ್ಪನೂ ನಕ್ಕ. ಅಪ್ಪ ನಕ್ಕದ್ದು ಕಂಡು ಪಟಾಕಿಗೆ ಮೈಯೆಲ್ಲ ಉರಿದುಹೋಯಿತು.

ಅಷ್ಟರಲ್ಲಿ ಅಪ್ಪನ ಫೋನ್ ಬಡಿದುಕೊಂಡಿತು. ಸೀರಿಯಲ್ಲಿನ ಮ್ಯಾನೇಜರ್. ಅವರ ಕೂಗು ಎಲ್ಲರಿಗೂ ಕೇಳುತ್ತಿತ್ತು.

“ಮಾನ ಕಳೆದ್ರಲ್ರೀ! ಜನ ಆಗಲೇ ಅದನ್ನೇ ಕಟ್ ಮಾಡಿ ಊರಿಗೆಲ್ಲ ಕಳಿಸ್ತಿದಾರೆ. ನಾಳೆ ಬರ್ಬೇಡಿ. ಆ ತಮ್ಮನ ಪಾರ್ಟು ಬೇರೆಯವರಿಗೆ ಕೊಡ್ತೀವಿ.”

“ಸಾರ್, ಡೈಲಾಗೆಲ್ಲ ಬಾಯಿಪಾಠ ಆಗಿದೆ ಸಾರ್...”

ಫೋನ್ ಕಟ್ಟಾಗಿತ್ತು.

ಕಥೆಯಲ್ಲಿ ಸತ್ತವನಿಗೆ ಅವನಂತೆಯೇ ಇರುವ ಒಬ್ಬ ತಮ್ಮ. ಆ ಪಾರ್ಟೂ ಅಪ್ಪನದೇ ಆಗಬೇಕಿತ್ತು. ಇಷ್ಟು ವರ್ಷ ಅಪ್ಪ ಗುಂಪಿನಲ್ಲಿ ನಿಂತಿದ್ದಾನೆ, ಗುಂಡೇಟಿಗೆ ಬಿದ್ದಿದ್ದಾನೆ. ಬಾಯಿ ಬಿಟ್ಟು ಮಾತಾಡುವ ಪಾರ್ಟು ಇದೇ ಮೊದಲು. ದಿನಾ ಸಂಜೆ ಪಟಾಕಿ ಸ್ಕೇಲನ್ನೇ ಪಿಸ್ತೂಲು ಮಾಡಿಕೊಂಡು ಡಿಟೆಕ್ಟಿವ್ ಆಗುತ್ತಿದ್ದ. “ನಮ್ಮಣ್ಣನ್ನ ಕೊಂದೋನು ಯಾರಂತ ನಂಗೊತ್ತು ಸಾರ್!” ಎಂದು ಅಪ್ಪ ನಡುಗುತ್ತಿದ್ದ. “ಗೊತ್ತಿದ್ರೆ ಬೇಗ ಹೇಳಿ ಮುಗಿಸ್ರೀ, ಊಟ ಆರ್ತಿದೆ” ಎಂದು ಅಮ್ಮ ಒಳಗಿಂದ ಕೂಗುತ್ತಿದ್ದಳು.

ಬಂದವರೆಲ್ಲ ಚಪ್ಪಲಿ ಹುಡುಕಿಕೊಂಡು ಹೋದರು. ಅಮ್ಮ ಟೀವಿ ಆರಿಸಿದಳು. ಅಪ್ಪ ಹೊರಗೆ ಮೆಟ್ಟಿಲ ಮೇಲೆ ಹೋಗಿ ಕುಳಿತ. ಪಟಾಕಿ ಹಿಂದೆಯೇ ಹೋದ.

“ಅಷ್ಟೊತ್ತು ಚೆನ್ನಾಗೇ ಸತ್ತಿದ್ಯಲ್ಲಪ್ಪಾ. ಕೊನೇಲಿ ಯಾಕೆ ಉಸಿರಾಡ್ದೆ?”

ಅಪ್ಪ ಬಲಗೈ ಚಾಚಿದ. ಎರಡು ಬೆರಳು ಬಾತುಕೊಂಡು, ಉಗುರು ಕಪ್ಪಾಗಿದ್ದವು. ಬಸ್ಸಿನ ಬಾಗಿಲಿಗೆ ಸಿಕ್ಕಿತು ಎಂದು ಮನೆಯಲ್ಲಿ ಹೇಳಿದ್ದ.

“ಡಿಟೆಕ್ಟಿವ್ ಮಂಡಿ ಇದರ ಮೇಲಿತ್ತು ಕಣೋ.”

“ಏನು?”

“ಶೂಟಿಂಗ್ ದಿನ ಬೆಳಗ್ಗಿಂದ ಆ ಆಕ್ಟರ್‌ಗೆ ಅಳು ಬಂದಿರ್ಲಿಲ್ಲ. ಎಲ್ರಿಗೂ ಬೈದಾಡಿ, ಆಮೇಲೆ ಬಂತು. ನಾನು ಕೈ ಎಳ್ಕೊಂಡಿದ್ರೆ ಅಷ್ಟೂ ಹಾಳಾಗ್ತಿತ್ತು. ಕೈ ಅಲ್ಲಾಡಿಸ್ಲಿಲ್ಲ. ಮುಖಾನೂ ಅಲ್ಲಾಡಿಸ್ಲಿಲ್ಲ. ಈ ಹಾಳು ಹೊಟ್ಟೆ ಮಾತ್ರ ಕೇಳ್ಲಿಲ್ಲ.”

“ಮ್ಯಾನೇಜರ್‌ಗೆ ಹೇಳು! ಈಗ್ಲೇ ಫೋನ್ ಮಾಡು! ಆ ಟೈಲರ್ ಮಾಮಂಗೆ ನಾನೇ ಹೋಗಿ ಹೇಳ್ತೀನಿ!”

“ಹೆಣದ ಮಾತು ಯಾರು ಕೇಳ್ತಾರೋ ಮರಿ?”

ಟೀವಿಯ ಮುಂದೆ ಎಲ್ಲರ ಜೊತೆ ಅಪ್ಪ ನಕ್ಕ ನಗು ಪಟಾಕಿಯ ಕಣ್ಣ ಮುಂದೆ ಬಂತು. ನಾಚಿಕೆಗೆಟ್ಟ ನಗು ಎಂದುಕೊಂಡಿದ್ದ. ಆಗಲೂ ಅಪ್ಪ ಕೈ ಎಳೆದುಕೊಂಡಿರಲಿಲ್ಲ, ಅಷ್ಟೆ. ಆಗ ಅದರ ಮೇಲೆ ಮಂಡಿಯೂರಿದ್ದು ಡಿಟೆಕ್ಟಿವ್ ಅಲ್ಲ, ತಾನು.



“ಅಪ್ಪಾ, ನಾನು ಹಂಗಂದಿದ್ದಕ್ಕೆ... ನೋವಾಯ್ತಾ?”

ಅಪ್ಪ ಎದ್ದ. ಚಪ್ಪಲಿ ಮೆಟ್ಟಿದ. ಯಾವ ಪೆದ್ದು ಪ್ರಶ್ನೆ ಕೇಳಿದರೂ ಒಂದು ಉತ್ತರ ಕೊಡುವ ಅಪ್ಪ, ಈ ಸಲ ಏನೂ ಹೇಳದೆ ಬೀದಿಗಿಳಿದು ನಡೆದುಬಿಟ್ಟ.

ಪಟಾಕಿ ಮತ್ತೆ ಕೂಗಲು ಬಾಯಿ ತೆರೆದ. ಕೂಗಲಿಲ್ಲ.